ಕಂದಕದಾಚೆಯ ಇರುಳು

ಬಣ್ಣಾರಿಯಿಂದ ೨೭ ತಿರುವುಗಳನ್ನೇರಿ ದಿಂಬಂ ತಲಪಿದೊಡನೆ ಗಾಳಿ ತಂಪಾಗುತ್ತದೆ. ಹಾಸನೂರು ದಾಟಿ ತಾಳವಾಡಿಯತ್ತ ಹೊರಳಿದರೆ ಕಿವಿಗೆ ಕನ್ನಡ ಬೀಳತೊಡಗುತ್ತದೆ. ೧೯೫೬ರಲ್ಲಿ ಕೊಯಮತ್ತೂರು ಜಿಲ್ಲೆಯ ಕೊಳ್ಳೇಗಾಲ ಮೈಸೂರು ರಾಜ್ಯಕ್ಕೆ ಸೇರಿತು, ತಾಳವಾಡಿ ಮದರಾಸಿನಲ್ಲಿಯೇ ಉಳಿಯಿತು. ಈ ಗಡಿರೇಖೆ ಹಲವೆಡೆ ಕಾಡಿನ ನಡುವೆಯೇ ಹಾದುಹೋಗುತ್ತದೆ. ಈಚೆಗೆ ಸತ್ಯಮಂಗಲದ ಹುಲಿ ರಕ್ಷಿತಾರಣ್ಯ, ಆಚೆಗೆ ಬಿಳಿಗಿರಿರಂಗನ ಬೆಟ್ಟ. ಆನೆಗಳಿಗೆ ಎರಡೂ ಒಂದೇ.

ಅಂಚಿನ ಹಳ್ಳಿಯೊಂದರಲ್ಲಿ ನಾವು ತಂಗಿದ್ದೆವು. ಮನೆಯ ಹಿಂದೆ ರಾಗಿ ಹೊಲ, ಹೊಲ ಮುಗಿದಲ್ಲಿ ಆನೆಕಂದಕ, ಕಂದಕದಾಚೆ ಕಾಡು. ಮನೆಯ ಯಜಮಾನರು ಉಂಡು, ಟಾರ್ಚು ಹಿಡಿದು ಹೊಲದ ಅಟ್ಟಣೆಗೆ ಹೊರಟುಹೋದರು. ತೆನೆ ಕಟ್ಟಿದ ಮೇಲೆ ಕಟಾವಿನವರೆಗೂ ಅವರ ಇರುಳು ಅಲ್ಲಿಯೇ. ಎಂಟು ವರ್ಷದ ಮಗಳು ಅಜ್ಜಿಯ ಮಗ್ಗುಲಲ್ಲಿ ಜಗಲಿಯ ಮೇಲೆ ಕುಳಿತು, ಕತ್ತಲೆಯಿಂದ ಸದ್ದು ಬಂದಾಗಲೆಲ್ಲ ಕೇಳುತ್ತಿದ್ದಳು: ‘ಅದು ಯಾರಜ್ಜಿ?’ ಏನು ಎಂದಲ್ಲ, ಯಾರು ಎಂದು.

ಮಕ್ಕಳ ಬಾಯಿ ಮುಚ್ಚಿಸಲು ಗುಮ್ಮನನ್ನು ಕರೆಯುವ ಹಿರಿಯರು ಬಹಳ. ಈ ಅಜ್ಜಿ ಹಾಗಲ್ಲ. ಗಟ್ಟಿ ನೆಲದ ಮೇಲೆ ಎಸೆದ ಬೆಣಚುಕಲ್ಲು ಪುಟಿಪುಟಿದು ನಿಂತಂತೆ ಒಂದು ಸದ್ದು ಬಂದರೆ, ಅದು ನತ್ತಿಂಗ. ಟಿಟ್ಟಿಭ ಒಂದೇ ಸಮನೆ ಅರಚಿದರೆ ಬಯಲಲ್ಲಿ ಯಾರೋ ನಡೆದಿದ್ದಾರೆ. ಕಡವೆ ‘ಢಾಂಕ್’ ಎಂದು ಕೂಗಿದರೆ ಚಿರತೆಯೋ ಹುಲಿಯೋ ಎದ್ದಿದೆ. ಹುಡುಗಿ ಪ್ರತಿಯೊಂದನ್ನೂ ಮೆಲ್ಲಗೆ ತಾನೂ ಉಚ್ಚರಿಸಿ ನೋಡುತ್ತಿದ್ದಳು. ಶಾಲೆಯಲ್ಲಿ ಅವಳಿಗೆ ತಮಿಳಿನ ‘ಕಡಮಾನ್’ ಗೊತ್ತು, ಜಗಲಿಯಲ್ಲಿ ಕಡವೆ ಗೊತ್ತು. ಇವೆರಡೂ ಒಂದೇ ಪ್ರಾಣಿಯೆಂದು ಅವಳೇ ನಮಗೆ ವಿವರಿಸಿದಳು. ನತ್ತಿಂಗನ ಹೆಸರು ಮಾತ್ರ ಅವಳಿಗೆ ಅಜ್ಜಿಯ ಬಾಯಿಂದಲ್ಲದೆ ಇನ್ನೆಲ್ಲಿಂದಲೂ ದೊರೆತಿಲ್ಲ.

ಇದೇ ಜಗಲಿಯಲ್ಲಿ ಹೀಗೆ ಕುಳಿತುಕೊಳ್ಳಲಾಗದ ಕಾಲವೊಂದಿತ್ತು. ವೀರಪ್ಪನ್ ಈ ಕಾಡುಗಳಲ್ಲಿ ತಿರುಗುತ್ತಿದ್ದ ವರ್ಷಗಳಲ್ಲಿ, ಮುಖ್ಯವಾಗಿ ೨೦೦೦ದ ಜುಲೈ ೩೦ರ ರಾತ್ರಿ ದೊಡ್ಡ ಗಾಜನೂರಿನಿಂದ ರಾಜಕುಮಾರ್ ಅವರನ್ನು ಒಯ್ದು ೧೦೮ ದಿನ ಇರಿಸಿಕೊಂಡ ದಿನಗಳಲ್ಲಿ, ಹೊರಗೆ ಸದ್ದಾದರೆ ದೀಪ ಆರಿಸಿ ಕದವಿಕ್ಕುವುದೇ ರೂಢಿಯಾಗಿತ್ತೆಂದು ಅಜ್ಜಿ ಹೇಳಿದರು. ಆಗ ಬೆಳೆದವರು ಕಾಡಿನ ಸದ್ದುಗಳನ್ನು ಕೇಳಿ ಕಲಿಯಲಿಲ್ಲ. ಅವರ ಮಕ್ಕಳು ಕಲಿಯುತ್ತಿದ್ದಾರೆ. ೨೦೨೨ರ ಫೆಬ್ರವರಿಯಿಂದ ಮದ್ರಾಸ್ ಉಚ್ಚ ನ್ಯಾಯಾಲಯದ ಆದೇಶದಂತೆ ದಿಂಬಂ ಘಾಟಿಯ ರಾತ್ರಿ ಸಂಚಾರಕ್ಕೆ ನಿರ್ಬಂಧವಿದೆ. ಸಾಗಣೆಯವರಿಗೂ ತರಕಾರಿ ಬೆಳೆಗಾರರಿಗೂ ಅದರಿಂದ ಕಷ್ಟವಾಗಿರುವುದು ನಿಜ. ದಾರಿಯ ಮೇಲೆಯೇ ಕೂರುವ ನತ್ತಿಂಗಗಳಿಗೆ ಮಾತ್ರ ಲಾರಿಗಳ ಕಾಟ ತಪ್ಪಿರಬೇಕು.

ಆ ರಾತ್ರಿ ಒಂದು ಹೊತ್ತಿನಲ್ಲಿ ಎಲ್ಲವೂ ನಿಂತುಹೋಯಿತು. ಹುಡುಗಿ ಬಹಳ ಹೊತ್ತು ಕಿವಿಗೊಟ್ಟು ಕುಳಿತು, ‘ಈಗ ಯಾರೂ ಇಲ್ಲವೇ?’ ಎಂದಳು. ‘ಆನೆ ಬರುವುದು ಹೀಗೆಯೇ’ ಎಂದರು ಅಜ್ಜಿ. ಅಷ್ಟು ದೊಡ್ಡ ಪ್ರಾಣಿಯ ಹೆಜ್ಜೆಗೆ ಮೆತ್ತನೆಯ ಅಂಗಾಲು. ಅವು ತಮ್ಮತಮ್ಮಲ್ಲಿ ಆಡುವ ಮಾತಿನಲ್ಲಿ ಒಂದು ಪಾಲು ಮನುಷ್ಯರ ಕಿವಿಗೆ ನಿಲುಕದಷ್ಟು ತಗ್ಗಿನ ಸ್ವರ.

‘ಹಾಗಾದರೆ ಅಪ್ಪನಿಗೆ ಹೇಗೆ ಗೊತ್ತಾಗುತ್ತದೆ?’

‘ವಾಸನೆ ಬರುತ್ತದೆ, ಮಗಾ. ಗಾಳಿ ಈ ಕಡೆಗಿದ್ದರೆ.’

ಹುಡುಗಿ ಜಗಲಿಯ ತುದಿಗೆ ಹೋಗಿ ನಿಂತಳು. ಹೊಲದ ನಡುವೆ ಅಟ್ಟಣೆಯ ಟಾರ್ಚು ಒಮ್ಮೆ ಬೆಳಗಿ ಆರಿತು. ಅವಳು ಕಂದಕದ ದಿಕ್ಕಿಗೆ ಮುಖವೆತ್ತಿ, ಕಣ್ಣು ಮುಚ್ಚಿಕೊಂಡು, ಗಾಳಿಯನ್ನು ಮೂಸತೊಡಗಿದಳು.