ಗೋಡೆಯಾಚೆಯ ಗಂಟೆ

ನಸುಕಿನಲ್ಲಿ ಏಳುವುದು, ಸ್ನಾನ, ಲಿಂಗಪೂಜೆ, ಚಹ, ಪತ್ರಿಕೆ, ಮಧ್ಯಾಹ್ನ ರೊಟ್ಟಿ-ಪಲ್ಯ, ಸಂಜೆ ಸಿದ್ಧೇಶ್ವರ ಗುಡಿಯವರೆಗೆ ನಡಿಗೆ, ರಾತ್ರಿ ದೂರದೂರಿನಲ್ಲಿರುವ ಮಗನೊಡನೆ ಎರಡು ನಿಮಿಷದ ಮಾತು. ಪತ್ನಿ ಲಿಂಗೈಕ್ಯಳಾದ ನಾಲ್ಕು ವರುಷಗಳಿಂದ ಜೋರಾಪುರ ಪೇಟೆಯ ನಮ್ಮ ಮನೆಯಲ್ಲಿ ದಿನಗಳು ಹೀಗೆಯೇ ಉರುಳುತ್ತಿವೆ. ನಿನ್ನೆಗೂ ಇಂದಿಗೂ ಭೇದವೇ ಇಲ್ಲ.

ಮೊದಲು ಕಿರಾಣಿ ಅಂಗಡಿಗೆ ಹೋದರೆ ಕುಶಲ ವಿಚಾರಿಸದೆ ಸಾಮಾನು ಕಟ್ಟುತ್ತಿರಲಿಲ್ಲ. ಈಗ ಮೊಬೈಲ್ ಹಿಡಿದರೆ ಹಣ ಸಂದಾಯವಾಗುತ್ತದೆ. ಹಣ ಬಂದುದನ್ನು ಯಂತ್ರವೇ ಸಾರುತ್ತದೆ. ಅಂಗಡಿಯವನೂ ನಾನೂ ಮೌನಿಗಳು. ಈ ಬೇನೆ ನಮ್ಮೂರಿಗೆ ಮಾತ್ರ ಬಂದುದಲ್ಲ. ಬ್ರಿಟನ್ ದೇಶವು 2018ರಲ್ಲಿ ಒಂಟಿತನದ ನಿವಾರಣೆಗೆಂದೇ ಒಬ್ಬ ಮಂತ್ರಿಯನ್ನು ನೇಮಿಸಿತು. 2023ರಲ್ಲಿ ವಿಶ್ವ ಆರೋಗ್ಯ ಸಂಸ್ಥೆಯೂ ಇದರ ವಿಚಾರಕ್ಕೆ ಆಯೋಗವೊಂದನ್ನು ರಚಿಸಿತು. ಇದನ್ನೆಲ್ಲ ಓದಿ, ಕಾಲವೇ ಕೆಟ್ಟಿತೆಂದು ನಿಟ್ಟುಸಿರಿಡುತ್ತಿದ್ದೆ.

ಕಳೆದ ಶ್ರಾವಣದಲ್ಲಿ ಒಂದು ಪ್ರಸಂಗ ನಡೆಯಿತು. ಪಕ್ಕದ ಮನೆಯಲ್ಲಿ ನನ್ನಂತೆಯೇ ಒಬ್ಬರೇ ಇರುವ ಹಿರಿಯ ತಾಯಿಯೊಬ್ಬರಿದ್ದಾರೆ. ಅವರ ಬಾಗಿಲಿಗೆ ತೂಗುಹಾಕಿದ್ದ ಹಾಲಿನ ಪಾಕೀಟು ಮಧ್ಯಾಹ್ನವಾದರೂ ಹಾಗೆಯೇ ಇತ್ತು. ಕಂಡೆ, ಮುಂದೆ ನಡೆದೆ. ಮರುದಿನ ಎರಡು ಪಾಕೀಟುಗಳಿದ್ದವು. ಆಗಲೂ ನಡೆದೆ. ಮೂರನೆಯ ದಿನ ಮನಸ್ಸು ತಡೆಯದೆ ಬಾಗಿಲು ತಟ್ಟಿದೆ. ಬಹಳ ಹೊತ್ತಿನ ಮೇಲೆ ಗೋಡೆ ಹಿಡಿದುಕೊಂಡು ಬಂದು ಅಗಳಿ ತೆಗೆದರು. ಮೈ ಕೆಂಡವಾಗಿತ್ತು.

ಆಸ್ಪತ್ರೆಗೆ ಕರೆದೊಯ್ಯುವಾಗ ಅವರೆಂದರು: "ದಿನಾ ನಿಮ್ಮ ಪೂಜಿ ಗಂಟಿ ಕೇಳಸ್ತೈತ್ರಿ ಅಣ್ಣಾರ. ಕರದ್ರ ನಿಮಗ ತ್ರಾಸ ಆದೀತಂತ ಸುಮ್ಮನಿದ್ದೆ."

ಆ ಮಾತು ಎದೆಗೆ ನಾಟಿತು. ನಮ್ಮೂರ ಗೋಳಗುಮ್ಮಟದ ಒಂದು ಮಗ್ಗುಲಲ್ಲಿ ಪಿಸುಗುಟ್ಟಿದರೆ ಆಚೆಯ ಮಗ್ಗುಲಲ್ಲಿ ಕೇಳುತ್ತದೆಂದು ಬಂದ ನೆಂಟರಿಗೆಲ್ಲ ಹೆಮ್ಮೆಯಿಂದ ತೋರಿಸಿದವನು ನಾನು. ಒಂದೇ ಗೋಡೆಯಾಚೆಯ ನರಳಿಕೆ ನನಗೆ ಕೇಳಿಸಲಿಲ್ಲ. ನನ್ನ ಗಂಟೆ ಗೋಡೆ ದಾಟಿತ್ತು, ನಾನು ದಾಟಿರಲಿಲ್ಲ. ಮಠಕ್ಕೆ ಜೋಳದ ಚೀಲ ಕಳಿಸಿದೊಡನೆ ದಾಸೋಹ ಮುಗಿಯಿತೆಂದು ಭಾವಿಸಿದ್ದೆ. ಅರೆಗಳಿಗೆಯ ಮಾತೂ ದಾಸೋಹವೆಂಬುದು ಅಂದು ತಿಳಿಯಿತು.

ತಾಯಿ ಗುಣವಾಗಿ ಮನೆಗೆ ಬಂದರು. ನನ್ನ ದಿನಚರಿ ಇಂದಿಗೂ ಅದೇ. ಆದರೆ ಪೂಜೆ ಮುಗಿದ ಮೇಲೆ ಅವರ ಬಾಗಿಲು ತಟ್ಟಿ, "ಚಹ ಆತೇನ್ರಿ ಅಕ್ಕಾರ?" ಎಂದು ಕೇಳದೆ ಪತ್ರಿಕೆ ಬಿಡಿಸುವುದಿಲ್ಲ. ಕೆಲವು ದಿನ ಜೋಳದ ಧಾರಣೆಯ ಹೊರತು ಬೇರೆ ಮಾತಿರುವುದಿಲ್ಲ. ಅಷ್ಟಾದರೂ ಆ ದಿನ ನಿನ್ನೆಯಂತಿರುವುದಿಲ್ಲ.

ಓದುಗ ಬಂಧುಗಳೇ, ನಿಮ್ಮ ಓಣಿಯಲ್ಲಿಯೂ ಅಂತಹದೊಂದು ಬಾಗಿಲು ಇದ್ದೀತು. ಇಂದೇ ತಟ್ಟಿ ನೋಡಿರಿ.