ಗಾಡಿ ನಮ್ಮದು, ಪುಸ್ತಕ ಯಾರದ್ದು?

ಗಾಡಿ ಕೊಳ್ಳಲು ಹೋದಾಗ ನಾವು ಎಲ್ಲವನ್ನೂ ವಿಚಾರಿಸುತ್ತೇವೆ. ಮೈಲೇಜ್ ಎಷ್ಟು, ಕಂತು ಎಷ್ಟು, ಹಳೆಯದಕ್ಕೆ ಎಷ್ಟು ಕೊಡುತ್ತೀರಿ, ಹೆಲ್ಮೆಟ್ ಪುಕ್ಕಟೆಯೋ ಅಲ್ಲವೋ. ಇದು ಕೆಟ್ಟರೆ ಸರಿಪಡಿಸುವ ವಿಧಾನ ಬರೆದಿರುವ ಪುಸ್ತಕ ಎಲ್ಲಿ ಸಿಗುತ್ತದೆ ಎಂದು ಮಾತ್ರ ಯಾರೂ ಕೇಳುವುದಿಲ್ಲ. ಅಂಥದ್ದೊಂದು ಪುಸ್ತಕ ಇದೆ ಎಂಬುದೇ ನಮ್ಮಲ್ಲಿ ಹೆಚ್ಚಿನವರಿಗೆ ಗೊತ್ತಿರುವುದಿಲ್ಲ.

ನಮ್ಮ ಮನೆಯ ಹಳೆಯ ಬೈಕಿನ ಚಿಕ್ಕಪುಟ್ಟ ಕೆಲಸಗಳನ್ನು ನಾವೇ ಮಾಡಿಕೊಳ್ಳೋಣ ಎಂದು ಹೊರಟಾಗ ಈ ಹುಡುಕಾಟ ಶುರುವಾಯಿತು. ಆಯಿಲ್ ಬದಲಿಸುವುದು, ಪ್ಲಗ್ ತೆಗೆದು ಶುಚಿ ಮಾಡುವುದು, ಚೈನ್ ಬಿಗಿ ಮಾಡುವುದು ಇತ್ಯಾದಿ. ಗಾಡಿಯ ಜೊತೆ ಬಂದಿದ್ದ ಚಿಕ್ಕ ಪುಸ್ತಕ ಸೀಟಿನಡಿಯ ಪ್ಲಾಸ್ಟಿಕ್ ಚೀಲದಲ್ಲಿ ಇನ್ನೂ ಇತ್ತು. ಚಕ್ರಕ್ಕೆ ಎಷ್ಟು ಗಾಳಿ, ಎಂಜಿನ್‌ಗೆ ಎಷ್ಟು ಆಯಿಲ್, ಎಷ್ಟು ಕಿಲೋಮೀಟರಿಗೊಮ್ಮೆ ಸರ್ವಿಸ್ ಎಂಬುದೆಲ್ಲ ಅದರಲ್ಲಿದೆ. ಆದರೆ ಕೆಲಸ ಸ್ವಲ್ಪ ಒಳಗೆ ಹೋಯಿತೋ, ಪುಸ್ತಕ ಒಂದೇ ಮಾತು ಹೇಳಿ ಕೈತೊಳೆದುಕೊಳ್ಳುತ್ತದೆ: ಅಧಿಕೃತ ಸರ್ವಿಸ್ ಸೆಂಟರನ್ನು ಸಂಪರ್ಕಿಸಿ.

ವಿಚಾರಿಸುತ್ತಾ ಹೋದಂತೆ ಒಂದು ಗಾಡಿಗೆ ಮೂರು ಬಗೆಯ ಪುಸ್ತಕಗಳಿರುತ್ತವೆ ಎಂದು ತಿಳಿಯಿತು. ಮೊದಲನೆಯದು ಮಾಲಕನಿಗೆ ಕೊಡುವ ಈ ಕಿರುಪುಸ್ತಕ. ಎರಡನೆಯದು ಬಿಡಿಭಾಗಗಳ ಕ್ಯಾಟಲಾಗ್. ಪ್ರತಿಯೊಂದು ಭಾಗವನ್ನೂ ಬಿಡಿಸಿಟ್ಟಂತೆ ಚಿತ್ರ, ಪಕ್ಕದಲ್ಲಿ ಅದರ ನಂಬರು. ಮೂರನೆಯದೇ ಅಸಲಿ ಪುಸ್ತಕ, ಸರ್ವಿಸ್ ಮ್ಯಾನುವಲ್. ಯಾವ ಬೋಲ್ಟನ್ನು ಮೊದಲು ತೆಗೆಯಬೇಕು, ಎಷ್ಟು ಬಲದಲ್ಲಿ ಬಿಗಿಯಬೇಕು, ಯಾವ ಬಣ್ಣದ ವೈರು ಎಲ್ಲಿಗೆ ಹೋಗುತ್ತದೆ ಎಂಬ ಗುಟ್ಟುಗಳೆಲ್ಲ ಇರುವುದು ಅದರಲ್ಲಿ.

ಇವು ಸಣ್ಣ ಸಂಗತಿಗಳಲ್ಲ. ಬೈಕಿನ ಎಂಜಿನ್ ತಲೆ ಅಲ್ಯೂಮಿನಿಯಂನದ್ದು, ಪ್ಲಗ್‌ನ ಮರೆ ಉಕ್ಕಿನದ್ದು. ಅಳತೆ ಮೀರಿ ಬಿಗಿದರೆ ಮೆದು ಲೋಹದ ಮರೆ ಹಾಳಾಗಿ, ಅಗ್ಗದ ಕೆಲಸ ದುಬಾರಿಯಾಗುತ್ತದೆ. ವಾಲ್ವ್‌ನ ಅಂತರವಂತೂ ಮಿಲಿಮೀಟರಿನ ನೂರನೇ ಒಂದು ಭಾಗದ ಲೆಕ್ಕದ್ದು, ಅದನ್ನು ಎಂಜಿನ್ ತಣ್ಣಗಿರುವಾಗಲೇ ನೋಡಬೇಕು. ಡಿಸ್ಕ್ ಬ್ರೇಕಿನ ದ್ರವ ಗಾಳಿಯ ತೇವವನ್ನು ಹೀರುತ್ತದೆ; ಆದ್ದರಿಂದ ನೋಡಲು ಚೆನ್ನಾಗಿದ್ದರೂ ಕಾಲಕಾಲಕ್ಕೆ ಬದಲಿಸಬೇಕು. ಇವುಗಳನ್ನು ಊಹೆಯಿಂದ ಮಾಡುವುದಕ್ಕೂ ಓದಿ ಮಾಡುವುದಕ್ಕೂ ಇರುವ ವ್ಯತ್ಯಾಸ ಕೆಲವೊಮ್ಮೆ ಜೀವದ್ದೇ ಆಗಿರುತ್ತದೆ.

ಬೆಂಗಳೂರಿನ ಅವೆನ್ಯೂ ರಸ್ತೆಯ ಹಳೆಪುಸ್ತಕದ ಅಂಗಡಿಗಳಲ್ಲಿ ಹುಡುಕಿದೆವು. ಐಟಿಐ ಪಠ್ಯಗಳು, ಡಿಪ್ಲೊಮಾದ ಆಟೋಮೊಬೈಲ್ ಪುಸ್ತಕಗಳು ಸಿಕ್ಕವು. ಎಂಜಿನ್ ಹೇಗೆ ಕೆಲಸ ಮಾಡುತ್ತದೆ ಎಂಬುದನ್ನು ಅವು ಚೆನ್ನಾಗಿಯೇ ಹೇಳುತ್ತವೆ, ಆದರೆ ನಮ್ಮ ಗಾಡಿಯ ಅಳತೆಗಳನ್ನು ಹೇಳುವುದಿಲ್ಲ. ಜೆ.ಸಿ. ರಸ್ತೆಯ ಬಿಡಿಭಾಗದ ಅಂಗಡಿಯೊಂದರ ಕೌಂಟರಿನಲ್ಲಿ ಕ್ಯಾಟಲಾಗ್ ನೋಡಲು ಸಿಕ್ಕಿತು. ಒಂದು ಸರ್ವಿಸ್ ಸೆಂಟರಿನಲ್ಲಿ ಮ್ಯಾನುವಲ್ ಕೇಳಿದಾಗ ಅಲ್ಲಿದ್ದ ಯುವಕ ವಿನಯದಿಂದಲೇ, "ಅದು ನಮ್ಮವರಿಗೆ ಮಾತ್ರ ಸಾರ್" ಎಂದ. ಹಣ ಕೊಟ್ಟು ಕೊಂಡ ಗಾಡಿ ನಮ್ಮದು. ಅದರ ಒಳಗಿನ ಸಂಗತಿ ಮಾತ್ರ 'ಅವರವರಿಗೆ'.

ಈ ಗೋಡೆಗೆ ಬಾಗಿಲು ಕೊರೆದವರಲ್ಲಿ ಜಾನ್ ಹೇನ್ಸ್ ಒಬ್ಬರು. ಸಿಲೋನಿನ ಚಹಾ ತೋಟದಲ್ಲಿ ಹುಟ್ಟಿ, ಬ್ರಿಟಿಷ್ ವಾಯುಪಡೆ ಸೇರಿ ಏಡನ್‌ನಲ್ಲಿದ್ದಾಗ ಅವರು ಗೆಳೆಯನೊಬ್ಬನ ಹಳೆಯ ಕಾರನ್ನು ರಿಪೇರಿ ಮಾಡಲು ಕೂತರು. ಕಂಪೆನಿಯ ಕೈಪಿಡಿ ಸಾಮಾನ್ಯ ಮನುಷ್ಯನಿಗೆ ಅರ್ಥವಾಗುವಂತಿರಲಿಲ್ಲ. ಅವರು ಕ್ಯಾಮರಾ ತಂದು, ಕಾರನ್ನು ಬಿಚ್ಚಿ ಜೋಡಿಸುವ ಒಂದೊಂದು ಹಂತದ ಚಿತ್ರ ತೆಗೆದರು. 1966ರಲ್ಲಿ ಬಂದ ಮೊದಲ ಹೇನ್ಸ್ ಮ್ಯಾನುವಲ್ ಹುಟ್ಟಿದ್ದು ಹೀಗೆ. ಗಾಡಿಯನ್ನು ತಾನೇ ಬಿಚ್ಚಿ ನೋಡಿ ಬರೆಯುವುದು ಅವರ ಪದ್ಧತಿ. ಅದರಿಂದಾಗಿ ಲಕ್ಷಾಂತರ ಸಾಮಾನ್ಯರು ತಮ್ಮ ಮನೆಯಂಗಳದಲ್ಲೇ ಪಾನಾ ಹಿಡಿದರು.

ನಮ್ಮಲ್ಲಿ ಈ ವಿದ್ಯೆ ಪುಸ್ತಕದಿಂದ ಬರಲಿಲ್ಲ, ಉಸ್ತಾದರಿಂದ ಬಂತು. ಗ್ಯಾರೇಜಿಗೆ ಸೇರಿದ ಹುಡುಗ ಮೊದಲು ಚಹಾ ತರುತ್ತಾನೆ, ಆಮೇಲೆ ಸೀಮೆಎಣ್ಣೆಯಲ್ಲಿ ಬಿಡಿಭಾಗ ತೊಳೆಯುತ್ತಾನೆ, ಹತ್ತು-ಹನ್ನೆರಡರ ಪಾನಾ ಗುರುತಿಸಲು ಕಲಿಯುತ್ತಾನೆ. ವರ್ಷಗಳ ನಂತರ ಶಬ್ದ ಕೇಳಿಯೇ ಕಾಯಿಲೆ ಹೇಳುತ್ತಾನೆ. ಶಾಲೆ ಅರ್ಧಕ್ಕೆ ಬಿಟ್ಟ ಎಷ್ಟೋ ಬಡ ಹುಡುಗರಿಗೆ ಈ ಗ್ಯಾರೇಜುಗಳೇ ಕಾಲೇಜು. ಅವರ ಕೈಚಳಕಕ್ಕೆ ಸರ್ಟಿಫಿಕೇಟು ಇಲ್ಲದಿರಬಹುದು, ಆದರೆ ಅನೇಕ ಮನೆಗಳ ಒಲೆ ಉರಿಯುವುದು ಅದರಿಂದಲೇ.

ಈಗ ಆ ಕಿವಿಯೊಂದೇ ಸಾಲದಾಗಿದೆ. 2020ರ ಏಪ್ರಿಲ್ 1ರಿಂದ ಬಿಎಸ್-6 ನಿಯಮ ಬಂದ ಮೇಲೆ ಹೊಸ ಬೈಕುಗಳಲ್ಲಿ ಕಾರ್ಬುರೇಟರ್ ಹೋಗಿ ಫ್ಯುಯಲ್ ಇಂಜೆಕ್ಷನ್ ಬಂತು. ಸೆನ್ಸರ್‌ಗಳು ಕೊಡುವ ಲೆಕ್ಕದ ಮೇಲೆ ಪುಟ್ಟ ಕಂಪ್ಯೂಟರೊಂದು ಪೆಟ್ರೋಲ್ ಅಳೆಯುತ್ತದೆ. ಹೊಗೆ ಕಡಿಮೆಯಾಗಲು ಇದು ಬೇಕಾದದ್ದೇ. ಆದರೆ ದೋಷದ ಕೋಡ್ ಓದುವ ಸಾಧನವೂ ಅದರ ಅರ್ಥ ಬಿಡಿಸುವ ಪುಸ್ತಕವೂ ಇಲ್ಲದಿದ್ದರೆ ಮೂವತ್ತು ವರ್ಷದ ಅನುಭವಿ ಉಸ್ತಾದರೂ ಗಾಡಿಯ ಮುಂದೆ ಸುಮ್ಮನೆ ನಿಲ್ಲಬೇಕಾಗುತ್ತದೆ. ಹಾಗಾಗಿ ಇದು ಮಾಲಕನ ಹವ್ಯಾಸದ ಪ್ರಶ್ನೆಯಷ್ಟೇ ಅಲ್ಲ, ಬೀದಿಬದಿಯ ಗ್ಯಾರೇಜಿನ ಅನ್ನದ ಪ್ರಶ್ನೆ.

ನ್ಯಾಯದ ಮಾತು ನಮ್ಮ ದೇಶದಲ್ಲಿ ಕೇಳಿಬಂದೇ ಇಲ್ಲ ಎಂದಲ್ಲ. ಬಿಡಿಭಾಗ, ತಪಾಸಣಾ ಸಾಧನ, ತಾಂತ್ರಿಕ ಕೈಪಿಡಿಗಳನ್ನು ಸ್ವತಂತ್ರ ಗ್ಯಾರೇಜುಗಳಿಗೆ ಸಿಗದಂತೆ ಮಾಡಿದ್ದಕ್ಕಾಗಿ ಭಾರತೀಯ ಸ್ಪರ್ಧಾ ಆಯೋಗವು 2014ರ ಆಗಸ್ಟ್‌ನಲ್ಲಿ 14 ಕಾರು ಕಂಪೆನಿಗಳಿಗೆ ಒಟ್ಟು ಸುಮಾರು 2,545 ಕೋಟಿ ರೂಪಾಯಿ ದಂಡ ಹಾಕಿತು. ಹೊರಗಿನ ಗ್ಯಾರೇಜಿಗೆ ಹೋದ ಮಾತ್ರಕ್ಕೆ ವಾರಂಟಿ ರದ್ದು ಎಂಬ ಸಾರಾಸಗಟು ಷರತ್ತು ಕೂಡದು ಎಂದೂ ಹೇಳಿತು. ಕಂಪೆನಿಗಳು ಮೇಲ್ಮನವಿಗೆ ಹೋದವು. 2022ರ ಡಿಸೆಂಬರ್ 24ರಂದು ಕೇಂದ್ರ ಸರಕಾರ 'ರಿಪೇರಿಯ ಹಕ್ಕು' ಪೋರ್ಟಲ್ ತೆರೆಯಿತು. ವಾಹನಗಳೂ ಅದರ ವ್ಯಾಪ್ತಿಗೆ ಬಂದವು. ಆದರೆ ಪೋರ್ಟಲ್ ಎಂಬುದು ಕಾನೂನಲ್ಲ, ಕಂಪೆನಿ ಕೊಟ್ಟಷ್ಟನ್ನೇ ಅಲ್ಲಿ ಓದಬೇಕು. ಅಮೆರಿಕದ ಮ್ಯಾಸಚೂಸೆಟ್ಸ್ ರಾಜ್ಯದ ಜನ 2012ರಲ್ಲಿ ಮತ ಹಾಕಿ ಇದನ್ನು ಹಕ್ಕಾಗಿಸಿಕೊಂಡರು. ಯುರೋಪ್ ಒಕ್ಕೂಟ 2007ರ ನಿಯಮದಲ್ಲೇ ರಿಪೇರಿ ಮಾಹಿತಿಯನ್ನು ಹೊರಗಿನವರಿಗೂ ಕೊಡಬೇಕೆಂದು ಕಡ್ಡಾಯ ಮಾಡಿತು.

ಮ್ಯಾನುವಲ್ ಹುಡುಕುವವರಿಗೆ ಎರಡು ಮಾತು. ಹೆಸರು ಒಂದೇ ಇದ್ದರೂ ವರ್ಷ ಬದಲಾದರೆ ಗಾಡಿಯ ಒಳಗು ಬದಲಾಗಿರುತ್ತದೆ. ಬೇರೆ ದೇಶದ ಮಾದರಿಯ ಅಳತೆ ನಮ್ಮದಕ್ಕೆ ಹೊಂದದಿರಬಹುದು. ಮಾದರಿ, ತಯಾರಾದ ವರ್ಷ, ಎಂಜಿನ್ ನಂಬರು ತಾಳೆ ನೋಡದೆ ಯಾವ ಪುಟವನ್ನೂ ನಂಬಬಾರದು. ಪುಸ್ತಕ ಕೈಗೆ ಬಂದರೂ ಆಯಿಲ್, ಪ್ಲಗ್, ಚೈನ್‌ನಿಂದ ಆರಂಭಿಸುವುದು ಒಳ್ಳೆಯದು. ಬ್ರೇಕು ಮತ್ತು ಪೆಟ್ರೋಲ್ ಪೈಪಿನ ಕೆಲಸವನ್ನು ಬಲ್ಲವರ ಪಕ್ಕ ಕೂತು ಕಲಿಯಬೇಕು.

ಇಷ್ಟಾದರೂ ಒಂದು ದೊಡ್ಡ ಕೊರತೆ ಉಳಿಯುತ್ತದೆ. ನಮ್ಮ ಕೈಗೆ ಕೊನೆಗೂ ಬಂದ ಮ್ಯಾನುವಲ್ ಇಂಗ್ಲಿಷಿನದ್ದು. ಪಕ್ಕದ ಗ್ಯಾರೇಜಿನ ಹುಡುಗನಿಗೆ ಅದನ್ನು ತೋರಿಸಿದಾಗ ಅವನು ಚಿತ್ರಗಳನ್ನು ನಮಗಿಂತ ಬೇಗ ಓದಿದ, ಅಕ್ಷರ ಬಂದಲ್ಲಿ ನಿಂತುಬಿಟ್ಟ. ನಾವು ಓದಿ ಅರ್ಥ ಹೇಳಿದೆವು, ಅವನು ಮಾಡಿ ತೋರಿಸಿದ. ಆ ಮಧ್ಯಾಹ್ನ ಇಬ್ಬರೂ ಕಲಿತೆವು. ಅಡುಗೆಗೆ, ಮನೆಮದ್ದಿಗೆ, ಜ್ಯೋತಿಷ್ಯಕ್ಕೆ ಕನ್ನಡದಲ್ಲಿ ರಾಶಿ ಪುಸ್ತಕಗಳಿವೆ. ಸಾವಿರಾರು ಹುಡುಗರು ದಿನವೂ ಬಿಚ್ಚಿ ಜೋಡಿಸುವ ಬೈಕಿಗೆ ಯಾಕಿರಬಾರದು? ಬರೆಯಬಲ್ಲ ಉಸ್ತಾದರು ನಮ್ಮ ಊರುಗಳಲ್ಲೇ ಇದ್ದಾರೆ. ಅವರು ಹೇಳುವುದನ್ನು ಬರೆದುಕೊಳ್ಳುವ ಒಂದು ಕೈ, ಚಿತ್ರ ತೆಗೆಯುವ ಒಂದು ಮೊಬೈಲು ಸಿಕ್ಕರೆ ಕೆಲಸ ಶುರುವಾದಂತೆ. ಓದು ಬರಹ ಬಲ್ಲ ನಾವು ಹೋಗಿ ಅವರ ಪಕ್ಕ ಕೂರಬೇಕಷ್ಟೆ.