ಬದಿನಟನ ಬೆದರುಗಣ್ಣು

ಸಿನಿಮಾ ನೋಡುವುದರಲ್ಲಿ ನನ್ನದೊಂದು ಕೆಟ್ಟ ಚಾಳಿ. ನಾಯಕ ಎದುರಿಗೇ ಪ್ರಾಣ ಬಿಡುತ್ತಿದ್ದರೂ ನನ್ನ ಕಣ್ಣು ಅವನ ಹೆಗಲಾಚೆ ಟೋಪಿ ಹಿಡಿದು ನಿಂತವನ ಮೇಲಿರುತ್ತದೆ. ಇಂಥ ಓರೆನೋಟಿಗರಿಗೆ ಇಟಲಿಯ ಹಳೆಯ ಚಿತ್ರಗಳೆಂದರೆ ಸುಗ್ಗಿ. 'ಡಿವೋರ್ಸ್ ಇಟಾಲಿಯನ್ ಸ್ಟೈಲ್' (1961) ನೋಡಿ ನಾಯಕ ಮಾಸ್ತ್ರೊಯಾನ್ನಿಯ ಚೆಲುವಿಗೆ ಮರುಳಾಗುವವರು ಆಗಲಿ. ಅವನ ಹೆಂಡತಿಯನ್ನು ಕರೆದುಕೊಂಡು ಓಡಿಹೋಗುವ ಆ ಬಡಪಾಯಿ ಚಿತ್ರಕಾರ ಯಾರು ಎಂಬುದು ನನ್ನ ಚಿಂತೆ.

ಅವನು ಲಿಯೊಪೋಲ್ದೊ ತ್ರಿಯೆಸ್ತೆ. 1917ರಲ್ಲಿ ಕಲಾಬ್ರಿಯಾದ ರೆಜ್ಜೊದಲ್ಲಿ ಹುಟ್ಟಿದವನು. ನಟನಾಗಲೆಂದು ಹೊರಟವನಲ್ಲ, ಯುದ್ಧದ ಬೆನ್ನಿಗೇ ಗಂಭೀರ ನಾಟಕಗಳನ್ನು ಬರೆಯುತ್ತಿದ್ದ ಆಸಾಮಿ. ಆ ಗಾಂಭೀರ್ಯದಲ್ಲೇ ನಗುವಿನ ಗಣಿ ಇದೆಯೆಂದು ನಿರ್ದೇಶಕ ಫೆಲಿನಿಗೆ ಹೇಗೋ ವಾಸನೆ ಹತ್ತಿತು. 1952ರ 'ವೈಟ್ ಶೇಖ್' ಚಿತ್ರದಲ್ಲಿ ಈತನನ್ನು ಮದುಮಗ ಮಾಡಿ ರೋಮಿಗೆ ಕರೆತಂದ. ಮಧುಚಂದ್ರಕ್ಕೆ ಬಂದ ಹೆಂಡತಿ, ಫೋಟೊ ಕಥೆಗಳ ಪತ್ರಿಕೆಯ ನಾಯಕನನ್ನು ಹುಡುಕಿಕೊಂಡು ಹೊರಟುಬಿಡುತ್ತಾಳೆ. ಇತ್ತ ಗಂಡ, ಪೋಪ್ ದರ್ಶನಕ್ಕೆ ಕಾದಿರುವ ಬಂಧುಗಳೆದುರು 'ಅವಳಿಗೆ ಹುಷಾರಿಲ್ಲ, ಮಲಗಿದ್ದಾಳೆ' ಎಂದು ಬೆವರುತ್ತ ಸುಳ್ಳು ಪೋಣಿಸಬೇಕು. ಒಂದು ರಾತ್ರಿ ನಿರ್ಜನ ಚೌಕದ ಕಾರಂಜಿಯ ಬಳಿ ಕೂತು ಅಳುತ್ತಾನೆ. ಬೀದಿಯ ಹೆಂಗಸರಿಬ್ಬರು ಬಂದು ಏನಾಯಿತೆಂದು ವಿಚಾರಿಸುತ್ತಾರೆ. ಮರ್ಯಾದಸ್ಥ ಕುಟುಂಬದ ಈ ಗಂಡು ಜೇಬಿನಿಂದ ಹೆಂಡತಿಯ ಫೋಟೊಗಳನ್ನು ತೆಗೆದು ಒಂದೊಂದಾಗಿ ಅವರಿಗೆ ತೋರಿಸುತ್ತ ಕೂರುತ್ತಾನೆ! ನಗಬೇಕೆಂದು ಬಾಯಿ ತೆರೆದವನಿಗೆ ಗಂಟಲು ಕಟ್ಟುತ್ತದೆ. ಹಾಸ್ಯಚಿತ್ರದಲ್ಲಿದ್ದೇನೆಂಬ ಸುಳಿವೇ ಇಲ್ಲದವನ ಹಾಗೆ ಅಭಿನಯಿಸುವುದಿದೆಯಲ್ಲ, ಅದೇ ಈತನ ಗುಟ್ಟು. ಹುಬ್ಬು ಹಾರಿಸಿ ನಗಿಸುವವರು ನೂರು ಮಂದಿ ಸಿಕ್ಕಾರು.

ಮರುವರ್ಷದ 'ಇ ವಿತೆಲ್ಲೋನಿ'ಯಲ್ಲಂತೂ ಫೆಲಿನಿಯ ತುಂಟತನ ಮೇರೆ ಮೀರಿತು. ಪಾತ್ರದ ಹೆಸರೂ ಲಿಯೊಪೋಲ್ದೊ, ಕಸುಬೂ ನಾಟಕ ಬರೆಯುವುದು. ಸಣ್ಣ ಊರಿನ ಈ ಲೇಖಕ ಊರಿಗೆ ಬಂದ ಹಳೆಯ ನಟನೊಬ್ಬನಿಗೆ ತನ್ನ ನಾಟಕ ಓದಿ ಹೇಳುತ್ತಾನೆ. ನಟ ಉಣ್ಣುತ್ತಾನೆ, ಈತ ಓದುತ್ತಾನೆ. ಕೇಳುಗ ಸಿಕ್ಕಿದ ಸಂಭ್ರಮದಲ್ಲಿ ಆ ಕಣ್ಣು ಅರಳುವುದನ್ನು ನೋಡಬೇಕು. ಬರೆಯುವ ಚಟವಿರುವ ನನ್ನಂಥವರು ಆ ದೃಶ್ಯದಲ್ಲಿ ಸ್ವಲ್ಪ ಬಗ್ಗಿ ಚಪ್ಪಲಿ ಸರಿಮಾಡಿಕೊಳ್ಳುವುದು ಕ್ಷೇಮ. ಆಮೇಲೆ ಗಾಳಿ ಬೀಸುವ ಕತ್ತಲ ಕಡಲದಂಡೆಗೆ ಕರೆದ ಮುದುಕನ ಇಂಗಿತ ಬೇರೆಯೇ ಎಂದು ಹೊಳೆದು ಲೇಖಕ ಓಟ ಕೀಳುತ್ತಾನೆ. ತನ್ನ ಕಸುಬನ್ನೇ ಹೀಗೆ ನಗೆಪಾಟಲಿಗೆ ಒಪ್ಪಿಸಿಕೊಳ್ಳಲು ಎಂಟೆದೆ ಬೇಕು.

ತಾನೇ ಚಿತ್ರ ನಿರ್ದೇಶಿಸಿಯೂ ನೋಡಿದ. ಆದರೆ ಲೋಕಕ್ಕೆ ಬೇಕಾದದ್ದು ಆ ಬೆದರುಮುಖ. 1964ರಲ್ಲಿ ಜೆರ್ಮಿಯ 'ಸೆಡ್ಯೂಸ್ಡ್ ಅಂಡ್ ಅಬ್ಯಾಂಡನ್ಡ್'ನಲ್ಲಿ ಹಲ್ಲೂ ಇಲ್ಲದ, ಹಣವೂ ಇಲ್ಲದ ಸಿಸಿಲಿಯ ಬ್ಯಾರನ್ ಆದ. ಮಗಳಿಗೆ ವರ ಬೇಕಾದವನೊಬ್ಬ ದುಡ್ಡು ಕೊಟ್ಟು ಇವನಿಗೆ ಹಲ್ಲು ಕಟ್ಟಿಸುತ್ತಾನೆ. ಮುಂದೆ ಮಾರಿಯೊ ಬಾವಾನ ರಕ್ತಸಿಕ್ತ ಚಿತ್ರದಲ್ಲಿ ಕೀಟ ಹಿಡಿಯುವವನಾದ, ಇನ್ನೊಂದು ಚಿತ್ರದಲ್ಲಿ ವೆನಿಸ್ಸಿನ ಹೋಟೆಲೊಂದರ ಮ್ಯಾನೇಜರ್ ಆದ. 'ಸಿನೆಮಾ ಪ್ಯಾರಡೀಸೊ'ದಲ್ಲಿ (1988) ಖಾಲಿ ಟಾಕೀಸಿನಲ್ಲಿ ಒಬ್ಬನೇ ಕೂತು, ತೆರೆಯ ಮೇಲೆ ತುಟಿಗೆ ತುಟಿ ಸೇರಿದೊಡನೆ ಗಂಟೆ ಬಾರಿಸುವ ಪಾದ್ರಿ ಇವನೇ. ಗಂಟೆ ಕೇಳಿದಾಗಲೆಲ್ಲ ಪ್ರೊಜೆಕ್ಟರಿನವನು ರೀಲಿಗೆ ಕಾಗದದ ಚೂರು ಸಿಕ್ಕಿಸುತ್ತಾನೆ, ಕತ್ತರಿಸಲು. ಮುತ್ತನ್ನು ತಡೆಯಬೇಕಾದವನೇ ಮುತ್ತನ್ನು ಎಲ್ಲರಿಗಿಂತ ಮೊದಲು ನೋಡಬೇಕಾದ ಸಂಕಟ ಆ ಮುಖಕ್ಕೇ ಸರಿ.

ಇನ್ನು ಕೊಪ್ಪೊಲಾನ 'ಗಾಡ್‌ಫಾದರ್' ಎರಡನೇ ಭಾಗ, 1974. ನ್ಯೂಯಾರ್ಕಿನ ಇಟಾಲಿಯನ್ ಕೇರಿಯ ಮನೆ ಮಾಲೀಕ ಸಿನ್ಯೋರ್ ರೊಬೆರ್ತೊ ಇವನೇ. ವಿಧವೆಯನ್ನು ಮನೆಯಿಂದ ಹೊರಹಾಕುತ್ತಿದ್ದವನು, ಅವಳ ಪರವಾಗಿ ಮಾತಾಡಿದ ಯುವಕ ವಿಟೊ ಕೊರ್ಲಿಯೋನೆ (ಡಿ ನಿರೊ) ಯಾರೆಂದು ವಿಚಾರಿಸಿಕೊಂಡ ಮೇಲೆ ಅಂಗಡಿಗೇ ಬಂದು ತೊದಲುತ್ತಾನೆ. ಬಾಡಿಗೆ ಐದು ಡಾಲರ್ ಕಡಿಮೆ ಎನ್ನುತ್ತಾನೆ; ಎದುರಿಗಿದ್ದವನು ಸುಮ್ಮನಿದ್ದರೆ, ಹತ್ತು! ಹೊರಟಾಗ ಬಾಗಿಲು ತೆರೆಯುವುದಿಲ್ಲ. ಆ ಅವಸರ, ಆ ತಡಕಾಟ! ಡಿ ನಿರೊ ಒಂದು ಮಾತೂ ಬೆದರಿಸಿಲ್ಲ. ವಿಟೊ ಕೊರ್ಲಿಯೋನೆ ಎಷ್ಟು ದೊಡ್ಡವನಾದನೆಂದು ನಮಗೆ ತಿಳಿಯುವುದು ಈ ಪುಕ್ಕಲನ ಕೈ ನೋಡಿ.

ತ್ರಿಯೆಸ್ತೆ 2003ರಲ್ಲಿ ರೋಮಿನಲ್ಲಿ ತೀರಿಕೊಂಡ, 85ನೆಯ ವಯಸ್ಸಿನಲ್ಲಿ. ಆ 'ಗಾಡ್‌ಫಾದರ್' ಚಿತ್ರವನ್ನು ನೀವು ಮತ್ತೆ ಹಾಕಿದರೆ ಡಿ ನಿರೊನನ್ನು ಆ ಒಂದು ನಿಮಿಷದ ಮಟ್ಟಿಗೆ ಮರೆತು, ಬಾಗಿಲ ಕಡೆ ನೋಡಿ.